ನಡಾವಳಿ ಪುಸ್ತಕದ ನಾಲ್ಕನೇ ಠರಾವು: ಸಹಕಾರ ಸಂಘದ ಒಂದು ನೇಮಕಾತಿ ಪ್ರಕರಣ

ಅದು ಒಂದು ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘ. ಖಾಲಿ ಇದ್ದದ್ದು ಒಂದೇ ಒಂದು ಗುಮಾಸ್ತರ ಹುದ್ದೆ. ಅರ್ಜಿ ಹಾಕಿದವರು 41 ಜನ. ಆ ಒಂದು ಹುದ್ದೆಯ ಮೇಲೆ ಮೂರು ವರ್ಷಕ್ಕೂ ಜಾಸ್ತಿ ವ್ಯಾಜ್ಯ ನಡೆಯಿತು. ನಾನು ಅರ್ಜಿದಾರರ ಪರ ವಕೀಲನಾಗಿದ್ದೆ. ಊರು, ಸಂಘ, ಜನರ ಹೆಸರು ಬಿಟ್ಟು ಉಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಸಹಕಾರ ಸಂಘದ ನೇಮಕಾತಿಯಲ್ಲಿ ಮೋಸ ಆಯಿತು ಅಂತ ನನ್ನ ಹತ್ತಿರ ಬರುವವರಲ್ಲಿ ಹೆಚ್ಚಿನವರು ಅಷ್ಟು ಹೊತ್ತಿಗೆ ತಪ್ಪು ಬಾಗಿಲು ತಟ್ಟಿ ಬಂದಿರುತ್ತಾರೆ. ಈ ಹುಡುಗಿಯೂ ಹಾಗೆಯೇ ಬಂದವಳು.

ಆಕೆಗೆ ಆಗ 27 ವರ್ಷ. ಬಿ.ಕಾಂ. ಓದಿ, ಸಹಕಾರ ಡಿಪ್ಲೊಮಾವನ್ನೂ ಮಾಡಿಕೊಂಡಿದ್ದಳು. ಅಪ್ಪ ಮೂರೂವರೆ ಎಕರೆಯ ರೈತ, ಅದೇ ಸಂಘದ ಹಳೆಯ ಷೇರುದಾರ ಸದಸ್ಯ. ಪ್ರತಿ ವರ್ಷ ಬೆಳೆಸಾಲ ತೆಗೆದು, ಪ್ರತಿ ವರ್ಷ ಕಟ್ಟಿದವರು. ಅಪ್ಪ ಸದಸ್ಯ ಅನ್ನುವ ಈ ಸಣ್ಣ ಸಂಗತಿ ಮುಂದೆ ಇಡೀ ಪ್ರಕರಣವನ್ನು ಉಳಿಸಿತು.

ಅಧಿಸೂಚನೆ ಜನವರಿಯಲ್ಲಿ ಬಂತು. ಲಿಖಿತ ಪರೀಕ್ಷೆಗೆ 85 ಅಂಕ, ಸಂದರ್ಶನಕ್ಕೆ 15, ಒಟ್ಟು 100. ಫೆಬ್ರವರಿ ಕೊನೆಗೆ ಪರೀಕ್ಷೆ ಆಯಿತು. ಮಾರ್ಚ್ 24ಕ್ಕೆ ಸಂದರ್ಶನ. ಏಪ್ರಿಲ್ ಮೊದಲ ವಾರ ಸಂಘದ ನೋಟಿಸ್ ಬೋರ್ಡಿಗೆ ಒಂದು ಹಾಳೆ ಅಂಟಿಸಿದರು. ಅದರಲ್ಲಿ ಆಯ್ಕೆಯಾದವನ ಹೆಸರು ಮಾತ್ರ ಇತ್ತು, ಅಂಕ ಇರಲಿಲ್ಲ. ಹುಡುಗ ಆಡಳಿತ ಮಂಡಳಿಯ ಒಬ್ಬ ನಿರ್ದೇಶಕರ ಅಕ್ಕನ ಮಗ. ಆ ನಿರ್ದೇಶಕರು ಸಂದರ್ಶನ ಸಮಿತಿಯ ಮೂವರಲ್ಲಿ ಒಬ್ಬರು. ಇದು ಊರಿಗೆಲ್ಲ ಗೊತ್ತಿದ್ದ ವಿಷಯ.

ಆಕೆ ಮೊದಲು ಹೋದದ್ದು ಕಾರ್ಮಿಕ ಇಲಾಖೆಗೆ. ನೌಕರಿಯ ವಿಷಯ ಅಂದರೆ ಕಾರ್ಮಿಕ ಇಲಾಖೆ ಅಂತ ಯಾರೋ ಹೇಳಿದ್ದರು. ಅವರು ಅರ್ಜಿ ವಾಪಸ್ ಕೊಟ್ಟರು. ನೌಕರಿ ಸಿಗದವರು ಅವರ ಕಣ್ಣಿಗೆ ನೌಕರರೇ ಅಲ್ಲ. ಇನ್ನೊಂದು ಕಾರಣವೂ ಇದೆ. ಸಹಕಾರ ಸಂಘದ ನೌಕರರ ವಿವಾದ ಎಲ್ಲಿ ನಡೆಯಬೇಕು ಅನ್ನುವುದು ದಶಕಗಳ ಕಾಲ ತಕರಾರಿನ ವಿಷಯವಾಗಿತ್ತು. ಕರ್ನಾಟಕದಲ್ಲಿ 2000ದ ತಿದ್ದುಪಡಿ ಬಂದ ಮೇಲೆ ಆ ವಿವಾದಗಳು ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಂ ಅಡಿ ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಮುಂದೆಯೇ ನಡೆಯಬೇಕು, ಕಾರ್ಮಿಕ ನ್ಯಾಯಾಲಯದಲ್ಲಿ ಅಲ್ಲ. 2007ರಲ್ಲಿ ವಿಜಯಪುರದ ಹಾಲು ಒಕ್ಕೂಟದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ.

ಆಮೇಲೆ ಆಕೆ ಬೇರೊಬ್ಬ ವಕೀಲರ ಮೂಲಕ ಹೈಕೋರ್ಟ್‌ಗೆ ರಿಟ್ ಅರ್ಜಿ ಹಾಕಿದಳು. ಏಳು ತಿಂಗಳ ನಂತರ ಅದು ಇತ್ಯರ್ಥವಾಯಿತು: ನಿಮಗೆ ಕಾಯ್ದೆಯಲ್ಲೇ ಬೇರೆ ಪರಿಹಾರ ಇದೆ, ಅಲ್ಲಿಗೆ ಹೋಗಿ. ಆದೇಶದ ಪ್ರತಿ ಹಿಡಿದುಕೊಂಡು ಅಪ್ಪ, ಮಗಳು ನನ್ನ ಕಚೇರಿಗೆ ಬಂದರು.

"ಸರ್, ಹೈಕೋರ್ಟೇ ಕೇಳಲಿಲ್ಲ ಅಂದ್ರೆ ಇನ್ಯಾರು ಕೇಳ್ತಾರೆ?" ಅಂದಳು.

"ಕೇಳಲ್ಲ ಅಂದಿಲ್ಲ ತಂಗಿ, ಇಲ್ಲಿ ಬೇಡ ಅಂದಿದ್ದಾರೆ ಅಷ್ಟೆ" ಅಂದೆ.

ಸಮಾಧಾನಕ್ಕೆ ಹೇಳಿದ ಮಾತಲ್ಲ ಅದು. ಸಹಕಾರ ಸಂಘವನ್ನು ಜನ ಸರ್ಕಾರಿ ಕಚೇರಿಯ ಹಾಗೆ ನೋಡುತ್ತಾರೆ. ಬೋರ್ಡಿನ ಮೇಲೆ ನೋಂದಣಿ ಸಂಖ್ಯೆ ಇರುತ್ತದೆ, ಇಲಾಖೆಯ ಅಧಿಕಾರಿ ಬಂದು ಹೋಗುತ್ತಾರೆ, ರೇಷನ್ ಅಂಗಡಿಯೂ ಅಲ್ಲೇ ಇರುತ್ತದೆ. ಆದರೆ ಸಂವಿಧಾನದ 12ನೇ ವಿಧಿಯ ಅರ್ಥದಲ್ಲಿ ಸಾಮಾನ್ಯ ಸಹಕಾರ ಸಂಘ 'ಪ್ರಭುತ್ವ' ಅಲ್ಲ, ಅಂದರೆ ಸರ್ಕಾರವೋ ಅದರ ಅಂಗವೋ ಅಲ್ಲ. ರಿಟ್ ನಡೆಯುವುದು ಮುಖ್ಯವಾಗಿ ಅಂಥವುಗಳ ವಿರುದ್ಧ. ಅದು ಸದಸ್ಯರ ಸಂಸ್ಥೆ. ನಿಬಂಧಕರ ಉಸ್ತುವಾರಿ ಇದೆ ಅಂದ ಮಾತ್ರಕ್ಕೆ ಸರ್ಕಾರ ಆಗುವುದಿಲ್ಲ. 2013ರ ಅಕ್ಟೋಬರ್‌ನಲ್ಲಿ ಕೇರಳದ ತಲಪ್ಪಾಲಂ ಸಹಕಾರ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ವಿವರವಾಗಿ ಹೇಳಿತು. ಹಾಗಂತ ರಿಟ್ ಎಂದಿಗೂ ನಡೆಯುವುದಿಲ್ಲ ಅಂತಲ್ಲ. ಕಾಯ್ದೆಯೇ ಹೊರಿಸಿದ ಕರ್ತವ್ಯವನ್ನು ಸಂಘ ಮುರಿದರೆ, ಅಥವಾ ನಿಬಂಧಕರು ಕೊಟ್ಟ ಆದೇಶವೇ ತಪ್ಪಾಗಿದ್ದರೆ ದಾರಿ ಇದೆ. ಆದರೆ 70ನೇ ಕಲಂ ಇರುವಾಗ ನೇರವಾಗಿ ಹೈಕೋರ್ಟ್‌ಗೆ ಹೋದರೆ ಇಲ್ಲಿ ಆದದ್ದೇ ಆಗುವ ಸಂಭವ ಜಾಸ್ತಿ. ಸಿವಿಲ್ ಕೋರ್ಟ್‌ಗೆ 118ನೇ ಕಲಂ ಅಡ್ಡ ನಿಂತಿದೆ.

ಸರಿ, 70ನೇ ಕಲಂ ಅಂದುಕೊಂಡೆವು. ಅಲ್ಲೂ ಒಂದು ತೊಡಕು ಇತ್ತು. ಆ ಕಲಂ ಪ್ರಕಾರ ವಿವಾದ ಯಾರು ಯಾರ ನಡುವೆ ಇರಬೇಕು ಅಂತ ಪಟ್ಟಿ ಇದೆ. ಸದಸ್ಯ ಮತ್ತು ಸಂಘ, ಸದಸ್ಯ ಮತ್ತು ಆಡಳಿತ ಮಂಡಳಿ, ಸಂಘ ಮತ್ತು ನೌಕರ, ಹೀಗೆ. ಕೆಲಸ ಕೇಳಿ ಸಿಗದೇ ಹೋದ ಹೊರಗಿನ ಅಭ್ಯರ್ಥಿ ಆ ಪಟ್ಟಿಯಲ್ಲಿ ಎಲ್ಲೂ ಇಲ್ಲ. ಆಕೆ ಸದಸ್ಯೆಯೂ ಅಲ್ಲ, ನೌಕರಳೂ ಅಲ್ಲ.

ನಾನು ಅಪ್ಪನ ಕಡೆ ತಿರುಗಿದೆ. "ಯಜಮಾನ್ರೇ, ಷೇರು ಸರ್ಟಿಫಿಕೇಟ್ ಇದೆಯಾ?"

ಮರುದಿನ ತಂದುಕೊಟ್ಟರು. ಮಡಿಕೆಯಲ್ಲಿ ಹರಿದು, ಹಿಂದಿನಿಂದ ಅಂಟು ಹಾಕಿದ ಹಳದಿ ಕಾಗದ. ಅರ್ಜಿ ಅವರ ಹೆಸರಿನಲ್ಲಿ ಸಿದ್ಧವಾಯಿತು. ಒಂದನೇ ಅರ್ಜಿದಾರ ಅಪ್ಪ, ಸಂಘದ ಸದಸ್ಯ. ಎರಡನೇ ಅರ್ಜಿದಾರಳು ಮಗಳು, ನೊಂದ ಅಭ್ಯರ್ಥಿ. ಕೇಳಿದ್ದು ಏನು? ನನ್ನ ಮಗಳಿಗೆ ಕೆಲಸ ಕೊಡಿ ಅಂತ ಅಲ್ಲ. ನನ್ನ ಸಂಘದ ಆಡಳಿತ ಮಂಡಳಿ ತಾನೇ ಹೊರಡಿಸಿದ ಅಧಿಸೂಚನೆಯನ್ನು ಮೀರಿ ನೇಮಕ ಮಾಡಿದೆ, ಸದಸ್ಯನಾಗಿ ಅದನ್ನು ಪ್ರಶ್ನಿಸುತ್ತಿದ್ದೇನೆ ಅಂತ. ಹೀಗೆ ಕೇಳಿದಾಗ ಅದು ಸಂಘದ 'ಆಡಳಿತಕ್ಕೆ ಸಂಬಂಧಿಸಿದ ವಿವಾದ' ಆಗುತ್ತದೆ.

ಪ್ರತಿವಾದಿಗಳಾಗಿ ಸಂಘ, ಅಧ್ಯಕ್ಷರು, ಆ ನಿರ್ದೇಶಕರು, ಕಾರ್ಯದರ್ಶಿ, ಇವರ ಜೊತೆಗೆ ಆಯ್ಕೆಯಾದ ಹುಡುಗನನ್ನೂ ಸೇರಿಸಿದೆವು. ಅಪ್ಪನಿಗೆ ಇದು ಸರಿ ಕಾಣಲಿಲ್ಲ. "ಆ ಹುಡುಗ ಏನು ಮಾಡ್ದ ಸಾರ್? ಅವನನ್ನ ಯಾಕೆ ಕೋರ್ಟಿಗೆ ಎಳೀಬೇಕು?" ಅಂದರು. ಒಳ್ಳೆಯ ಮನಸ್ಸಿನ ಮಾತು. ಆದರೆ ಯಾರ ಕೆಲಸ ಹೋಗುತ್ತದೋ ಅವನ ಮಾತು ಕೇಳದೆ ಆದೇಶ ಮಾಡುವ ಹಾಗಿಲ್ಲ. ಅವನನ್ನು ಬಿಟ್ಟು ಅರ್ಜಿ ಹಾಕಿದರೆ ಆ ಒಂದೇ ಕಾರಣಕ್ಕೆ ಅರ್ಜಿ ಬಿದ್ದುಹೋಗುತ್ತದೆ. ಅವನನ್ನು ಸೇರಿಸುವುದು ಅವನಿಗೂ ನ್ಯಾಯ.

ಕಾಗದ ಸಿಕ್ಕ ಬಗೆ

ಅಲ್ಲಿಯವರೆಗೆ ನಮ್ಮ ಕೈಯಲ್ಲಿ ಇದ್ದದ್ದು ಅನುಮಾನ ಮಾತ್ರ. ಸೋದರಮಾವ ಸಂದರ್ಶನ ಸಮಿತಿಯಲ್ಲಿದ್ದರು ಅನ್ನುವುದೊಂದೇ ಗಟ್ಟಿ ಸಂಗತಿ. ಅಂಕಪಟ್ಟಿ ಬೇಕಿತ್ತು.

ಮಾಹಿತಿ ಹಕ್ಕಿನಲ್ಲಿ ಕೇಳಿದಾಗ ಸಂಘದಿಂದ ಉತ್ತರ ಬಂತು: ನಾವು ಸಾರ್ವಜನಿಕ ಪ್ರಾಧಿಕಾರ ಅಲ್ಲ, ಕೊಡುವುದಿಲ್ಲ. ಅವರು ಹೇಳಿದ್ದು ಸರಿಯೇ. ತಲಪ್ಪಾಲಂ ತೀರ್ಪು ಅವರ ಪರ ಇತ್ತು. ಬಹಳ ಜನ ಇಲ್ಲಿಗೇ ಕೈಬಿಡುತ್ತಾರೆ. ಅದೇ ತೀರ್ಪಿನ ಇನ್ನೊಂದು ಭಾಗವನ್ನು ಓದುವುದಿಲ್ಲ. ನಿಬಂಧಕರು ಸಾರ್ವಜನಿಕ ಪ್ರಾಧಿಕಾರವೇ. ಕಾನೂನಿನ ಪ್ರಕಾರ ಸಂಘದಿಂದ ಯಾವ ಮಾಹಿತಿಯನ್ನು ತರಿಸಿಕೊಳ್ಳಲು ಅವರಿಗೆ ಅಧಿಕಾರ ಇದೆಯೋ, ಅದನ್ನು ತರಿಸಿ ಅರ್ಜಿದಾರರಿಗೆ ಕೊಡಬೇಕು. ಬೇರೆಯವರ ಖಾಸಗಿ ವಿವರಕ್ಕೆ ಮಾತ್ರ ರಕ್ಷಣೆ ಇದೆ. ಹಾಗಾಗಿ ನಾವು ಸಂಘವನ್ನು ಬಿಟ್ಟು ಸಹಾಯಕ ನಿಬಂಧಕರ ಕಚೇರಿಗೆ ಅರ್ಜಿ ಹಾಕಿದೆವು. ಒಂದೆರಡು ನೆನಪೋಲೆ ಬರೆಯಬೇಕಾಯಿತು. ನಾಲ್ಕು ತಿಂಗಳಿಗೆ ಹತ್ತು ಪುಟ ಕೈಗೆ ಬಂದವು.

ಅಂಕಪಟ್ಟಿಯ ಹಾಳೆಯನ್ನು ನಾನು ಮೇಜಿನ ಮೇಲಿಟ್ಟು ಬಹಳ ಹೊತ್ತು ನೋಡಿದೆ. ಮೇಲೆ ಅಚ್ಚಾದ ಶೀರ್ಷಿಕೆ 'ಒಟ್ಟು ಅಂಕ 100'. ಆ 100ನ್ನು ಪೆನ್ನಿನಿಂದ ಹೊಡೆದು ಪಕ್ಕದಲ್ಲಿ 115 ಅಂತ ಬರೆದಿದ್ದರು. ಸಮಿತಿಯ ಮೂವರಿಗೂ ಬೇರೆ ಬೇರೆ ಕಾಲಂ ಇದ್ದವು, ಮೂರೂ ಖಾಲಿ. ಕೊನೆಯ ಕಾಲಂನಲ್ಲಿ ಮಾತ್ರ ಎಲ್ಲ ಅಭ್ಯರ್ಥಿಗಳ ಸಂದರ್ಶನದ ಅಂಕ, ಒಂದೇ ಕೈಬರಹದಲ್ಲಿ. ಕೆಳಗೆ ಮೂರು ಸಹಿ.

ಲಿಖಿತ ಪರೀಕ್ಷೆಯಲ್ಲಿ ಆಕೆಗೆ 71, ಹುಡುಗನಿಗೆ 58. ಅಂತರ 13. ಸಂದರ್ಶನದಲ್ಲಿ ಆಕೆಗೆ 11, ಹುಡುಗನಿಗೆ 27. ಒಟ್ಟು 82 ಮತ್ತು 85. ಅಂದರೆ ಸಂದರ್ಶನದ ಅಂಕ 15ರಿಂದ 30ಕ್ಕೆ ಏರಿತ್ತು.

ಯಾಕೆ ಏರಿತು ಅನ್ನುವುದಕ್ಕೆ ಸ್ವಲ್ಪ ಲೆಕ್ಕ ಮಾಡಿದರೆ ಸಾಕು. 15 ಅಂಕದ ಸಂದರ್ಶನದಲ್ಲಿ 13ರ ಅಂತರವನ್ನು ದಾಟಬೇಕಾದರೆ ಹುಡುಗನಿಗೆ 15ಕ್ಕೆ 15 ಕೊಟ್ಟರೂ ಆಕೆಗೆ ಒಂದಕ್ಕಿಂತ ಜಾಸ್ತಿ ಅಂಕ ಕೊಡುವ ಹಾಗಿರಲಿಲ್ಲ. ಹಾಗೆ ಮಾಡಿದರೆ ಚಿಕ್ಕ ಮಗುವಿಗೂ ಗೊತ್ತಾಗುತ್ತದೆ. 30 ಇದ್ದರೆ 27 ಮತ್ತು 11 ಅಂತ ಬರೆದರೂ ಯಾರಿಗೂ ಕಣ್ಣಿಗೆ ಹೊಡೆಯುವುದಿಲ್ಲ, ಅಲ್ವಾ? ಅದೇ ಅಂಕವನ್ನು 15ರ ಲೆಕ್ಕಕ್ಕೆ ಇಳಿಸಿದರೆ ಹುಡುಗನಿಗೆ 13.5, ಆಕೆಗೆ 5.5. ಒಟ್ಟು 71.5 ಮತ್ತು 76.5. ಸಮಿತಿ ಕೊಟ್ಟ ಅಂಕದಲ್ಲೇ, ಅಧಿಸೂಚನೆಯ ಪ್ರಕಾರ ಹೋಗಿದ್ದರೆ ಆಕೆ ಐದು ಅಂಕ ಮುಂದಿರುತ್ತಿದ್ದಳು.

30ಕ್ಕೆ ಏರಿಸಿದ್ದಕ್ಕೆ ಆಧಾರವಾಗಿ ಮಾರ್ಚ್ 12ರ ಆಡಳಿತ ಮಂಡಳಿ ಸಭೆಯ ನಡಾವಳಿಯ ಪ್ರತಿಯೂ ಬಂದಿತ್ತು. ಠರಾವು ಸಂಖ್ಯೆ 4: ಸಂದರ್ಶನದ ಅಂಕವನ್ನು 30ಕ್ಕೆ ಹೆಚ್ಚಿಸಲು ತೀರ್ಮಾನಿಸಲಾಯಿತು. ಜೆರಾಕ್ಸ್‌ನಲ್ಲಿ ನೋಡಿದರೆ ಅದೂ ಸರಿಯಾಗಿಯೇ ಕಾಣುತ್ತಿತ್ತು.

ಆಗ ಆಕೆ ತನ್ನ ಪ್ಲಾಸ್ಟಿಕ್ ಫೈಲ್ ತೆಗೆದಳು. ಅಂಕಪಟ್ಟಿಗಳು, ಜಾತಿ ಪ್ರಮಾಣಪತ್ರ, ಆಧಾರ್ ಪ್ರತಿ, ಪರೀಕ್ಷೆಯ ಪ್ರವೇಶಪತ್ರ. ಅದರ ನಡುವೆ ಸಂದರ್ಶನಕ್ಕೆ ಕರೆದ ಪತ್ರ. "ಇದು ಬೇಕಾಗುತ್ತಾ ಸರ್?" ಅಂದಳು. ಪತ್ರದ ದಿನಾಂಕ ಮಾರ್ಚ್ 16. ಕಾರ್ಯದರ್ಶಿಯ ಸಹಿ. ಮೂರನೇ ಸಾಲಿನಲ್ಲಿ 'ಸಂದರ್ಶನವು 15 ಅಂಕಗಳಿಗೆ ಇರುತ್ತದೆ' ಅಂತ ಅಚ್ಚಾಗಿತ್ತು.

ಮಾರ್ಚ್ 12ರಂದು 30 ಅಂತ ತೀರ್ಮಾನ ಮಾಡಿದ ಸಂಘ, ನಾಲ್ಕು ದಿನ ಬಿಟ್ಟು ಬರೆದ ಪತ್ರದಲ್ಲಿ 15 ಅಂತ ಯಾಕೆ ಹೇಳಿತು?

ವಿಚಾರಣೆ

ಸಂಘದ ಪರ ಮೂರು ಆಕ್ಷೇಪಣೆ ಬಂದವು. ವಕೀಲರು ಹಿರಿಯರು, ಚೆನ್ನಾಗಿ ವಾದಿಸಿದರು.

ಮೊದಲನೆಯದು, ಇದು 70ನೇ ಕಲಂ ಅಡಿ ವಿವಾದವೇ ಅಲ್ಲ. ಇದಕ್ಕೆ ಅವರು ಸುಪ್ರೀಂ ಕೋರ್ಟಿನ ಎರಡು ಹಳೆಯ ತೀರ್ಪು ಓದಿದರು. ಒಂದು 1969ರದ್ದು, ಹೈದರಾಬಾದಿನಿಂದ ಹೋದ ಸಹಕಾರಿ ಬ್ಯಾಂಕಿನ ಪ್ರಕರಣ. ಇನ್ನೊಂದು 1979ರದ್ದು, ಗುಜರಾತಿನ ಸಹಕಾರಿ ಭೂ ಅಭಿವೃದ್ಧಿ ಬ್ಯಾಂಕಿನದ್ದು. ನೌಕರರ ಸೇವಾ ಷರತ್ತಿನ ತಕರಾರು ಸಂಘದ 'ವ್ಯವಹಾರ' ಆಗುವುದಿಲ್ಲ, 'ಆಡಳಿತ' ಅನ್ನುವ ಪದವನ್ನೂ ಅಷ್ಟು ಅಗಲಿಸಬಾರದು ಅನ್ನುವುದು ಅವುಗಳ ಸಾರ. ಈ ವಾದವನ್ನು ಹಗುರವಾಗಿ ತೆಗೆದುಕೊಳ್ಳುವ ಹಾಗಿರಲಿಲ್ಲ. ನಾನು ಹೇಳಿದ್ದು ಇಷ್ಟು: ಆ ಎರಡೂ ನೌಕರರು ತಂದ ತಕರಾರು. ಇಲ್ಲಿ ಕೇಳುತ್ತಿರುವುದು ಒಬ್ಬ ಸದಸ್ಯ. ಆತ ಸೇವಾ ಷರತ್ತಿನ ಬಗ್ಗೆ ಕೇಳುತ್ತಿಲ್ಲ, ಆಡಳಿತ ಮಂಡಳಿ ತನ್ನ ಅಧಿಕಾರವನ್ನು ಹೇಗೆ ಬಳಸಿತು ಅಂತ ಕೇಳುತ್ತಿದ್ದಾನೆ. ಜೊತೆಗೆ, ಬೇರೆ ರಾಜ್ಯಗಳ ಆ ಕಾಯ್ದೆಗಳ ಹಾಗಲ್ಲದೆ ನಮ್ಮ ಕಾಯ್ದೆ ನೌಕರರ ವಿವಾದವನ್ನೂ ಹೆಸರಿಟ್ಟು 70ನೇ ಕಲಂ ಒಳಗೆ ತಂದಿದೆ. 70ನೇ ಕಲಂ ಅಡಿ ವಿಚಾರಣೆ ನಡೆಸುತ್ತಿದ್ದ ಅಧಿಕಾರಿ ಈ ಮಾತನ್ನು ಒಪ್ಪಿದರು. ಅಪ್ಪನ ಷೇರು ಇಲ್ಲದೇ ಹೋಗಿದ್ದರೆ ನಾವು ಅಲ್ಲಿಗೇ ಸೋತಿರುತ್ತಿದ್ದೆವು ಅಂತ ಈಗಲೂ ನನಗನಿಸುತ್ತದೆ.

ಎರಡನೆಯದು, ಸಂದರ್ಶನಕ್ಕೆ ಸುಮ್ನೆ ಹೋಗಿ ಕೂತು, ಫಲಿತಾಂಶ ಬಂದ ಮೇಲೆ ತಕರಾರು ತೆಗೆಯುವ ಹಾಗಿಲ್ಲ. ಈ ತತ್ವ ನಿಜ. ಆಯ್ಕೆಯ ವಿಧಾನ ಗೊತ್ತಿದ್ದೂ ಒಪ್ಪಿ ಭಾಗವಹಿಸಿದವರು, ಸೋತ ಮೇಲೆ ವಿಧಾನವೇ ತಪ್ಪು ಅನ್ನುವುದಕ್ಕೆ ನ್ಯಾಯಾಲಯಗಳು ಅವಕಾಶ ಕೊಡುವುದಿಲ್ಲ. ಆದರೆ ಗೊತ್ತಿದ್ದರೆ ತಾನೇ ಒಪ್ಪುವುದು? ಆಕೆಗೆ ಗೊತ್ತಿದ್ದದ್ದು ಪತ್ರದಲ್ಲಿದ್ದ 15. 30ರ ವಿಷಯ ತಿಳಿದದ್ದು ಮಾಹಿತಿ ಹಕ್ಕಿನ ಕಾಗದ ಬಂದ ಮೇಲೆ. ಆ ಪತ್ರ ಇಲ್ಲಿ ಎರಡನೇ ಸಲ ಉಪಯೋಗಕ್ಕೆ ಬಂತು.

ಮೂರನೆಯದು, ಸೋದರಮಾವ ಸಮಿತಿಯಲ್ಲಿದ್ದರೂ ಅಳಿಯನ ಸರದಿ ಬಂದಾಗ ಎದ್ದು ಹೊರಗೆ ಹೋಗಿದ್ದರು. ಇದು ನಿಜವೋ ಸುಳ್ಳೋ ಅಂತ ನಾವು ಹೆಚ್ಚು ಜಗ್ಗಾಡಲಿಲ್ಲ. ನಿಜ ಆದರೂ ಸಾಲುವುದಿಲ್ಲ. 1969ರ ಕ್ರೈಪಾಕ್ ಪ್ರಕರಣದಲ್ಲಿ ಜಮ್ಮು ಮತ್ತು ಕಾಶ್ಮೀರದ ಅರಣ್ಯಾಧಿಕಾರಿಯೊಬ್ಬರು ಆಯ್ಕೆ ಮಂಡಳಿಯ ಸದಸ್ಯರೂ ಆಗಿದ್ದರು, ಅಭ್ಯರ್ಥಿಯೂ ಆಗಿದ್ದರು. ತಮ್ಮ ಹೆಸರು ಚರ್ಚೆಗೆ ಬಂದಾಗ ಅವರು ಕೂತಿರಲಿಲ್ಲ. ಆದರೂ ಸುಪ್ರೀಂ ಕೋರ್ಟ್ ಆ ಆಯ್ಕೆಯನ್ನು ರದ್ದು ಮಾಡಿತು. ಪ್ರತಿಸ್ಪರ್ಧಿಗಳ ಹೆಸರು ಚರ್ಚೆಗೆ ಬಂದಾಗ ಅವರು ಅಲ್ಲೇ ಇದ್ದರಲ್ಲ! 1985ರಲ್ಲಿ ಹರಿಯಾಣದ ಲೋಕಸೇವಾ ಆಯೋಗದ ಪ್ರಕರಣದಲ್ಲಿ ಇದನ್ನು ಇನ್ನೂ ಬಿಡಿಸಿ ಹೇಳಿದರು. ಸಂವಿಧಾನಬದ್ಧ ಆಯೋಗದ ಸದಸ್ಯರಾದರೆ ಆ ಒಬ್ಬ ಸಂಬಂಧಿಯ ಸಂದರ್ಶನದಿಂದ ದೂರ ಉಳಿದರೆ ಸಾಕು. ಬೇರೆ ಆಯ್ಕೆ ಸಮಿತಿಗಳಲ್ಲಿ ಹತ್ತಿರದ ಸಂಬಂಧಿ ಅಭ್ಯರ್ಥಿಯಾಗಿದ್ದರೆ ಇಡೀ ಪ್ರಕ್ರಿಯೆಯಿಂದಲೇ ಹೊರಗಿರಬೇಕು. ನಮ್ಮ ಪ್ರಕರಣದ ನಿರ್ದೇಶಕರು ಅಳಿಯನಿಗೆ ಅಂಕ ಕೊಡದೇ ಇದ್ದಿರಬಹುದು. ನನ್ನ ಕಕ್ಷಿದಾರಳಿಗೆ 11 ಕೊಡುವಾಗ ಇದ್ದರು. ಆಖೈರು ಪಟ್ಟಿಗೆ ಸಹಿಯನ್ನೂ ಹಾಕಿದ್ದರು.

ಕಾರ್ಯದರ್ಶಿಯ ಪಾಟೀಸವಾಲಿನ ದಿನ ಮೂಲ ನಡಾವಳಿ ಪುಸ್ತಕ ತರಿಸಿದ್ದೆವು. ಉದ್ದನೆಯ ರಿಜಿಸ್ಟರ್, ಕೆಂಪು ಬಟ್ಟೆಯ ಬೆನ್ನು, ಪುಟಗಳಿಗೆ ಸಂಖ್ಯೆ ಹಾಕಿದ ಪುಸ್ತಕ. ಮಾರ್ಚ್ 12ರ ಪುಟ ತೆರೆದಾಗ ಜೆರಾಕ್ಸ್‌ನಲ್ಲಿ ಕಾಣದ್ದು ಕಂಡಿತು. ಮೊದಲ ಮೂರು ಠರಾವು ನೀಲಿ ಮಸಿಯಲ್ಲಿ, ಗೆರೆಗೊಂದು ಸಾಲಿನ ಹಾಗೆ ದೊಡ್ಡ ಅಕ್ಷರದಲ್ಲಿ. ಪ್ರತಿ ಠರಾವಿನ ನಂತರ ಒಂದು ಗೆರೆ ಖಾಲಿ. ನಾಲ್ಕನೆಯದು ಮಾತ್ರ ಕಪ್ಪು ಛಾಯೆಯ ನೀಲಿಯಲ್ಲಿ, ಸಣ್ಣ ಅಕ್ಷರ, ಎರಡು ಗೆರೆಗಳ ಜಾಗದಲ್ಲಿ ನಾಲ್ಕು ಸಾಲು. ಕೊನೆಯ ಸಾಲಿನ ಒತ್ತಕ್ಷರಗಳು ಕೆಳಗಿದ್ದ ಅಧ್ಯಕ್ಷರ ಸಹಿಯ ಮೇಲೆ ಹತ್ತಿದ್ದವು.

"ಮೊದಲು ಸಹಿ ಬಂತೋ, ಮೊದಲು ಠರಾವು ಬಂತೋ?" ಅಂತ ಕೇಳಿದೆ.

"ಠರಾವು."

"ಹಾಗಾದರೆ ಮಾರ್ಚ್ 16ಕ್ಕೆ ನೀವೇ ಸಹಿ ಮಾಡಿದ ಪತ್ರದಲ್ಲಿ 15 ಅಂತ ಯಾಕಿದೆ?"

ಅವರು ಪತ್ರ ತೆಗೆದುಕೊಂಡು ಎರಡು ಸಲ ಓದಿದರು. "ಹಳೇ ನಮೂನೆ ಕಂಪ್ಯೂಟರಿನಲ್ಲಿತ್ತು, ಹಾಗೇ ಪ್ರಿಂಟ್ ಆಗಿರಬಹುದು" ಅಂದರು.

"ಅಂಕ ಹೆಚ್ಚಿಸಿದ ವಿಷಯವನ್ನು ಬೇರೆ ಯಾವ ಕಾಗದದಲ್ಲಾದರೂ ಯಾವ ಅಭ್ಯರ್ಥಿಗಾದರೂ ತಿಳಿಸಿದ್ದೀರಾ?"

"ಇಲ್ಲ."

ನನಗೆ ಬೇಕಿದ್ದದ್ದು ಆ 'ಇಲ್ಲ' ಒಂದೇ. ಮಸಿ, ಅಕ್ಷರ, ಒತ್ತು, ಇವೆಲ್ಲ ಅನುಮಾನ ಹುಟ್ಟಿಸುತ್ತವೆ. ಠರಾವನ್ನು ಆಮೇಲೆ ತುರುಕಿದ್ದಾರೆ ಅಂತ ಸಾಬೀತು ಮಾಡಲು ತಜ್ಞರು ಬೇಕು, ಖರ್ಚು ಬೇಕು, ಇನ್ನೊಂದು ವರ್ಷ ಬೇಕು. ಠರಾವು ಮಾರ್ಚ್ 12ಕ್ಕೇ ಆಗಿತ್ತು ಅಂತ ಒಪ್ಪಿಕೊಂಡರೂ ಸಂಘ ಉಳಿಯುವ ಹಾಗಿರಲಿಲ್ಲ. ಲಿಖಿತ ಪರೀಕ್ಷೆ ಫೆಬ್ರವರಿಯಲ್ಲೇ ಮುಗಿದಿತ್ತು. ಯಾರಿಗೆ ಎಷ್ಟು ಬಂದಿದೆ ಅಂತ ತಿಳಿದ ಮೇಲೆ ಅಂಕದ ಹಂಚಿಕೆ ಬದಲಾಯಿಸಿದ್ದಾರೆ, ಯಾರಿಗೂ ಹೇಳಿಲ್ಲ. ಆಟ ಶುರುವಾದ ಮೇಲೆ ನಿಯಮ ಬದಲಿಸಬಾರದು ಅನ್ನುವುದನ್ನು ಸುಪ್ರೀಂ ಕೋರ್ಟ್ 2008ರಲ್ಲಿ ಆಂಧ್ರಪ್ರದೇಶದ ನ್ಯಾಯಾಧೀಶರ ನೇಮಕದ ಪ್ರಕರಣದಲ್ಲಿ ಹೇಳಿತ್ತು. ಅಲ್ಲಿ ಪರೀಕ್ಷೆ, ಸಂದರ್ಶನ ಎಲ್ಲ ಮುಗಿದ ಮೇಲೆ ಸಂದರ್ಶನಕ್ಕೆ ಕನಿಷ್ಠ ಅಂಕ ನಿಗದಿ ಮಾಡಿದ್ದರು. 2024ರ ನವೆಂಬರ್ 7ರಂದು ಐವರು ನ್ಯಾಯಮೂರ್ತಿಗಳ ಪೀಠ ಆ ತತ್ವವನ್ನು ಎತ್ತಿಹಿಡಿದಿದೆ. ಈ ತೀರ್ಪುಗಳು ಸರ್ಕಾರಿ ಹುದ್ದೆಗಳಿಗೆ ಸಂಬಂಧಿಸಿದವು, ನಿಜ. ಸಹಕಾರ ಸಂಘ ಸರ್ಕಾರ ಅಲ್ಲದಿದ್ದರೂ ತಾನೇ ಹೊರಡಿಸಿದ ಅಧಿಸೂಚನೆಗೆ ಬದ್ಧವಾಗಿರಬೇಕು ಅನ್ನುವ ಮಟ್ಟಿಗೆ ಅಧಿಕಾರಿ ಅದನ್ನು ಅನ್ವಯಿಸಿದರು.

ಹುಡುಗನ ಮಾತು

ಅಷ್ಟು ಹೊತ್ತಿಗೆ ಹುಡುಗ ಕೆಲಸಕ್ಕೆ ಸೇರಿ ಹತ್ತಿರ ಎರಡು ವರ್ಷ ಆಗಿತ್ತು. ಮದುವೆಯಾಗಿತ್ತು. ಸಾಕ್ಷಿ ಕಟ್ಟೆಯಲ್ಲಿ ನಿಂತು, "ನಾನು ಯಾರಿಗೂ ದುಡ್ಡು ಕೊಟ್ಟಿಲ್ಲ, ಪರೀಕ್ಷೆ ಬರೆದೆ, ಕರೆದರು, ಸೇರಿದೆ. ನನ್ನ ತಪ್ಪೇನು?" ಅಂದ. ಆ ಮಾತು ಸುಳ್ಳು ಅಂತ ನನಗೆ ಅನಿಸಲಿಲ್ಲ. ಕೆಲಸವನ್ನೂ ಚೆನ್ನಾಗಿ ಮಾಡುತ್ತಿದ್ದ ಅಂತ ಸಂಘದ ಸದಸ್ಯರೇ ಹೇಳುತ್ತಿದ್ದರು.

ಅವನ ವಕೀಲರು, ಎರಡು ವರ್ಷ ಕೆಲಸ ಮಾಡಿದವನನ್ನು ಖಾಯಂ ಅಂತ ಪರಿಗಣಿಸಿ, ಬೇಕಿದ್ದರೆ ಆಕೆಗೆ ಇನ್ನೊಂದು ಹುದ್ದೆ ಸೃಷ್ಟಿಸಲಿ ಅಂದರು. ಕೇಳಲು ಹಿತವಾದ ಸಲಹೆ. ಆದರೆ ಸಂಘಕ್ಕೆ ಮಂಜೂರಾದದ್ದು ಒಂದು ಹುದ್ದೆ. ಸಂಬಳ ಹೋಗುವುದು ಸದಸ್ಯರ ದುಡ್ಡಿನಿಂದ. ಇಷ್ಟೇ ಅಲ್ಲ, ಈ ದಾರಿಯನ್ನು ಸುಪ್ರೀಂ ಕೋರ್ಟ್ 2004ರಲ್ಲೇ ಮುಚ್ಚಿದೆ. ತಮಿಳುನಾಡಿನಲ್ಲಿ ನಿಯಮ ಮೀರಿ ಸಹಕಾರ ಸಂಘಗಳಿಗೆ ಸೇರಿದ ಸಾಕಷ್ಟು ಜನರನ್ನು, 480 ದಿನ ಕೆಲಸ ಮಾಡಿದ್ದರೆ ಸಾಕು ಅಂತ ಖಾಯಂ ಮಾಡಲು 2001ರಲ್ಲಿ ಸರ್ಕಾರಿ ಆದೇಶ ಬಂದಿತ್ತು. ಕಾಯ್ದೆ, ನಿಯಮಗಳನ್ನೇ ಗಾಳಿಗೆ ತೂರಿ ಮಾಡಿದ ನೇಮಕವನ್ನು ಹೀಗೆ ಸಕ್ರಮ ಮಾಡಲು ಬರುವುದಿಲ್ಲ, ಸಕ್ರಮ ಮಾಡುವುದು ನೇಮಕಾತಿಯ ಇನ್ನೊಂದು ದಾರಿ ಆಗಬಾರದು ಅಂತ ನ್ಯಾಯಾಲಯ ಹೇಳಿತು. ಎರಡು ವರ್ಷದ ನಂತರ, 2006ರ ಏಪ್ರಿಲ್‌ನಲ್ಲಿ ನಮ್ಮ ರಾಜ್ಯದಿಂದಲೇ ಹೋದ ಉಮಾದೇವಿ ಪ್ರಕರಣದಲ್ಲಿ ಸಂವಿಧಾನ ಪೀಠ ಸರ್ಕಾರಿ ನೇಮಕಗಳ ವಿಷಯದಲ್ಲಿ ಇದನ್ನೇ ವಿಸ್ತಾರವಾಗಿ ಹೇಳಿತು. ಅಲ್ಲಿ ಕೊಟ್ಟ ಒಂದು ಸಲದ ವಿನಾಯಿತಿಯೂ ಮಂಜೂರಾದ ಹುದ್ದೆಯಲ್ಲಿ ಹತ್ತು ವರ್ಷಕ್ಕೂ ಮೇಲೆ ದುಡಿದವರಿಗೆ, ಅದೂ ಕೋರ್ಟಿನ ಆದೇಶದ ಆಸರೆ ಇಲ್ಲದೆ ದುಡಿದವರಿಗೆ.

ಇಂಥ ಪ್ರಕರಣಗಳಲ್ಲಿ ನನಗೆ ಜಾಸ್ತಿ ನೋವಾಗುವುದು ಇಲ್ಲಿಯೇ. ಠರಾವು ಬರೆದವರು, ಅಂಕ ಏರಿಸಿದವರು ತಮ್ಮ ಕುರ್ಚಿಯಲ್ಲೇ ಇರುತ್ತಾರೆ. ಕೆಲಸ ಕಳೆದುಕೊಳ್ಳುವುದು ಅವರ ಮಾತು ನಂಬಿ ಸೇರಿದ ಹುಡುಗ. ಸೋದರಮಾವ ಆವತ್ತು ಸಮಿತಿಯಲ್ಲಿ ಕೂರದೇ ಇದ್ದಿದ್ದರೆ ಅಳಿಯನಿಗೆ ಈ ಕೆಲಸ ಸಿಗುತ್ತಿರಲಿಲ್ಲ. ಆದರೆ ಇನ್ನೊಂದು ಕಡೆ ಪರೀಕ್ಷೆ ಬರೆಯುವ ವಯಸ್ಸಿನ ಮೂರು ವರ್ಷ ಅವನ ಕೈಯಲ್ಲೇ ಉಳಿಯುತ್ತಿತ್ತು.

ಆದೇಶ ಮತ್ತು ನಂತರ

ಆದೇಶ 14 ಪುಟ. ಅಧಿಸೂಚನೆ ಮತ್ತು ಲಿಖಿತ ಪರೀಕ್ಷೆ ಎರಡರಲ್ಲೂ ದೋಷ ಇಲ್ಲ, ಅವು ಊರ್ಜಿತ. ಸಂದರ್ಶನ ಮತ್ತು ನೇಮಕ ಎರಡೂ ರದ್ದು. ಲಿಖಿತ ಪರೀಕ್ಷೆಯ ಆಧಾರದಲ್ಲಿ ಕರೆದಿದ್ದ ಅದೇ ಐವರಿಗೆ 15 ಅಂಕದ ಸಂದರ್ಶನ ಮತ್ತೆ ನಡೆಸಬೇಕು. ಸಂಬಂಧಿಯಾದ ನಿರ್ದೇಶಕರು ಸಮಿತಿಯಲ್ಲಿ ಇರಬಾರದು. ಇಲಾಖೆಯ ಒಬ್ಬ ಅಧಿಕಾರಿ ಇರಬೇಕು. ಪ್ರತಿಯೊಬ್ಬ ಸದಸ್ಯರೂ ತಮ್ಮ ಅಂಕವನ್ನು ತಾವೇ ಬರೆದು ಸಹಿ ಮಾಡಬೇಕು. ಹುಡುಗನಿಗೆ ಅಲ್ಲಿಯವರೆಗೆ ಕೊಟ್ಟ ಸಂಬಳವನ್ನು ವಸೂಲಿ ಮಾಡುವ ಹಾಗಿಲ್ಲ.

ಅಪ್ಪನಿಗೆ ನಿರಾಸೆ ಆಯಿತು. ಮಗಳಿಗೇ ಕೆಲಸ ಕೊಡಿ ಅಂತ ಯಾಕೆ ಬರೆಯಲಿಲ್ಲ ಅಂದರು. ಮೊದಲ ದಿನವೇ ಹೇಳಿದ್ದೆ, ಮತ್ತೆ ಹೇಳಿದೆ. ಆಯ್ಕೆ ಪಟ್ಟಿಯಲ್ಲಿ ಹೆಸರು ಇದ್ದವರಿಗೇ ಹುದ್ದೆಯ ಮೇಲೆ ಕಟ್ಟುನಿಟ್ಟಾದ ಹಕ್ಕಿಲ್ಲ ಅಂತ 1991ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ತಪ್ಪಾದ ಸಂದರ್ಶನದ ಅಂಕವನ್ನೇ ಇಟ್ಟುಕೊಂಡು ಲೆಕ್ಕ ಹಾಕಿ ಇನ್ನೊಬ್ಬರಿಗೆ ಹುದ್ದೆ ಕೊಡುವುದು ಅಪರೂಪ. ಆಯ್ಕೆ ಎಲ್ಲಿ ಕೆಟ್ಟಿತೋ ಅಲ್ಲಿಂದ ಮತ್ತೆ ಮಾಡಿ ಅನ್ನುವುದೇ ಸಾಮಾನ್ಯ ಪರಿಹಾರ.

ಸಂಘವೂ ಹುಡುಗನೂ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋದರು. ತಡೆಯಾಜ್ಞೆ ಸಿಕ್ಕಿತು. ಅಲ್ಲಿ ಹೊಸ ವಾದ ಏನೂ ಇರಲಿಲ್ಲ. ಒಂದು ವರ್ಷದ ಹತ್ತಿರ ಹತ್ತಿರ ಎರಡೂ ಮೇಲ್ಮನವಿ ವಜಾ ಆದವು.

ಮರುಸಂದರ್ಶನಕ್ಕೆ ಐವರಲ್ಲಿ ನಾಲ್ವರು ಬಂದರು. ಲಿಖಿತ ಪರೀಕ್ಷೆಯಲ್ಲಿ 69 ತೆಗೆದಿದ್ದ ಇನ್ನೊಬ್ಬ ಅಭ್ಯರ್ಥಿ ಇದ್ದಳು. ಪಕ್ಕದ ಹಳ್ಳಿಯವಳು. ಆಕೆ ಎಲ್ಲೂ ಅರ್ಜಿ ಹಾಕಿರಲಿಲ್ಲ, ಇಷ್ಟು ದಿನದ ವ್ಯಾಜ್ಯ ಅವಳಿಗೆ ಪೂರ್ತಿ ಗೊತ್ತೂ ಇರಲಿಲ್ಲ. ಸಂದರ್ಶನದಲ್ಲಿ ಅವಳಿಗೆ 13 ಬಂತು, ಒಟ್ಟು 82. ನನ್ನ ಕಕ್ಷಿದಾರಳಿಗೆ 9, ಒಟ್ಟು 80. ಹುಡುಗನಿಗೆ 10, ಒಟ್ಟು 68. ಹುದ್ದೆ ಆ ಪಕ್ಕದ ಹಳ್ಳಿಯವಳಿಗೆ ಹೋಯಿತು.

ನಾನು ಅಂಕಪಟ್ಟಿ ತರಿಸಿ ನೋಡಿದೆ. ಪ್ರತಿ ಸದಸ್ಯರ ಕಾಲಂ ತುಂಬಿತ್ತು, ಪ್ರತಿ ಕಾಲಂನದ್ದೂ ಬೇರೆ ಕೈಬರಹ. ಪ್ರಶ್ನಿಸಲು ಏನೂ ಸಿಗಲಿಲ್ಲ. ಅದನ್ನೇ ಆಕೆಗೆ ಹೇಳಿದೆ.

"ಗೊತ್ತು ಸರ್. ಅವತ್ತು ನನಗೆ ಬಡ್ಡಿ ಸಹಾಯಧನದ ಪ್ರಶ್ನೆಗೆ ಉತ್ತರ ಹೊಳೀಲೇ ಇಲ್ಲ" ಅಂದಳು. ಈಗ ಜಿಲ್ಲಾ ಕೇಂದ್ರ ಸಹಕಾರ ಬ್ಯಾಂಕಿನ ಪರೀಕ್ಷೆಗೆ ಓದುತ್ತಿದ್ದಾಳೆ.

ಅಪ್ಪ ಮಾತ್ರ ಇನ್ನೂ ಬಿಟ್ಟಿಲ್ಲ. 1905ರಲ್ಲಿ ಗದಗ ಹತ್ತಿರದ ಕಣಗಿನಹಾಳದಲ್ಲಿ ರೈತರು ಕಟ್ಟಿದ ಸಹಕಾರ ಸಂಘದ ಕಥೆಯನ್ನು ಅವರು ಚಿಕ್ಕಂದಿನಿಂದ ಕೇಳಿದವರು. ಸಂಘ ಅಂದರೆ ತಮ್ಮದೇ ಮನೆ ಅಂದುಕೊಂಡವರು. ಹೋದ ವಾರ್ಷಿಕ ಸರ್ವಸದಸ್ಯರ ಸಭೆಯಲ್ಲಿ ಎದ್ದು ನಿಂತು ಒಂದೇ ಪ್ರಶ್ನೆ ಕೇಳಿದರು: ಈ ಮೂರು ವರ್ಷ ಆ ನೇಮಕವನ್ನು ಉಳಿಸಿಕೊಳ್ಳಲು ವಕೀಲರಿಗೆ ಕೊಟ್ಟ ದುಡ್ಡು ಯಾವ ಖಾತೆಯಿಂದ ಹೋಯಿತು? ಸಂಘದ ಖಾತೆಯಿಂದ ಅಂತ ಉತ್ತರ ಬಂತು. ಹಾಗಾದರೆ ಅದನ್ನು ಠರಾವು ಬರೆದವರಿಂದ ವಸೂಲಿ ಮಾಡಿ ಅಂದರು. ಸಂಘಕ್ಕೆ ನಷ್ಟ ಮಾಡಿದವರಿಂದ ಅದನ್ನು ತುಂಬಿಸಿಕೊಳ್ಳಲು ಕಾಯ್ದೆಯ 69ನೇ ಕಲಂ ಇದೆ. ಲೆಕ್ಕಪರಿಶೋಧನೆಯ ವರದಿಯಲ್ಲಿ ಈ ಖರ್ಚಿನ ಬಗ್ಗೆ ಆಕ್ಷೇಪ ಬಂದರೆ ಆ ಕಲಂ ಅಡಿ ಹೋಗಬಹುದು. ವರದಿಯ ಪ್ರತಿ ಕೇಳಿ ಅವರು ಕೊಟ್ಟ ಅರ್ಜಿಗೆ ಹಿಂಬರಹ ಬರುವುದು ಬಾಕಿ ಇದೆ.